ನಂಬರ್ ಬದಲಿಸಿಕೊಂಡ ಕಂಪ್ಯೂಟರ್

ಕಂಪ್ಯೂಟರ್ ರಿಪೇರಿ ಬರುತ್ತದೆ ಎಂದು ಒಮ್ಮೆ ಗೊತ್ತಾದರೆ ಮುಗಿಯಿತು, ಸ್ವೀಡನ್‌ಗೆ ಬಂದರೂ ಭಾನುವಾರ ನಮ್ಮದಲ್ಲ. 2016ರಲ್ಲಿ ನಾವು ಮೋಲ್ನ್‌ಡಾಲ್‌ನಲ್ಲಿದ್ದಾಗ ನನ್ನ ಭಾನುವಾರಗಳೆಲ್ಲ ಮೇಲಿನ ಮನೆಯ ಬೆಂಗಳೂರಿನವನ ಪಾಲಾಗಿದ್ದವು. ಅವನೂ ಐಟಿಯವನೇ. ಆದರೆ ಅವನ ಕೆಲಸ ಬರೀ ಮೀಟಿಂಗ್ ಎಂದು ನನಗೆ ಗುಮಾನಿ.

1. ಗಡೀಪಾರು

ಅವನ ಹೆಂಡತಿ ಔಷಧ ಸಂಶೋಧಕಿ. ಆಕೆಯ ಕಂಪ್ಯೂಟರಿನಲ್ಲಿ ಇವನು ಆನ್‌ಲೈನ್ ಗೇಮ್ ಆಡುತ್ತ, ಮೋಸ ಮಾಡಿ ಸಿಕ್ಕಿಬಿದ್ದ. ಗೇಮಿನವರು ಹೊರಗೆ ಹಾಕಿದರು. ಹೊಸ ಹೆಸರಲ್ಲಿ ಹೋದ, ಮತ್ತೆ ಹಾಕಿದರು.

"ಭಾಯ್, ನನ್ನ ಸ್ಟೈಲ್ ನೋಡಿಯೇ ಕಂಡುಹಿಡೀತಾರೆ" ಎಂದ, ಸ್ವಲ್ಪ ಹೆಮ್ಮೆಯಿಂದಲೇ.

ಸ್ಟೈಲ್ ಅಲ್ಲ ಮಾರಾಯ, ಎಂದೆ. ಡಿಸ್ಕ್, ಮದರ್‌ಬೋರ್ಡ್, ನೆಟ್‌ವರ್ಕ್ ಕಾರ್ಡ್ ಎಲ್ಲಕ್ಕೂ ಒಂದೊಂದು ನಂಬರ್ ಇರುತ್ತದೆ. ಗೇಮ್ ಅವನ್ನೆಲ್ಲ ನೆನಪಿಟ್ಟುಕೊಂಡು ಕಂಪ್ಯೂಟರನ್ನೇ ಗಡೀಪಾರು ಮಾಡಿದೆ. ಅವನಿಗೆ ತುಂಬಾ ಬೇಜಾರಾಯಿತು. ಸ್ಟೈಲ್ ವಿಷಯಕ್ಕೆ.

2. ವೇಷ

ಮುಂದಿನ ವಾರ ಸ್ಪೂಫರ್ ಎಂಬ ಸಾಫ್ಟ್‌ವೇರ್ ಕೊಂಡುತಂದ. ಅದು ಡಿಸ್ಕನ್ನು ಮುಟ್ಟುವುದಿಲ್ಲ, ನಡುವೆ ಕೂತಿರುತ್ತದೆ. ಯಾರಾದರೂ ಡಿಸ್ಕಿನದೋ ಕಾರ್ಡಿನದೋ ನಂಬರ್ ಕೇಳಿದರೆ ಇದೇ ಬಾಯಿ ಹಾಕಿ ಒಂದು ಸುಳ್ಳು ನಂಬರ್ ಹೇಳುತ್ತದೆ. ಗೇಮ್‌ಗೆ ಮಾತ್ರ ಹೇಳಿದ್ದರೆ ಸರಿಹೋಗುತ್ತಿತ್ತು. ಅದು ಕೇಳಿದವರಿಗೆಲ್ಲ ಹೇಳಿತು. ನಮ್ಮ ಕಟ್ಟಡದ ಇಂಟರ್ನೆಟ್ ಬರುತ್ತಿದ್ದದ್ದು ಮೊದಲೇ ನೋಂದಾಯಿಸಿದ ನೆಟ್‌ವರ್ಕ್ ಕಾರ್ಡ್‌ಗಳಿಗೆ ಮಾತ್ರ. ಇವನ ಮನೆಯಲ್ಲಿ ನಿಂತೇಹೋಯಿತು.

ಇಂಟರ್ನೆಟ್ ಕಂಪನಿಗೆ ಫೋನ್ ಮಾಡಿದ. ಆ ಕಡೆಯ ಹೆಂಗಸು ಕಾರ್ಡಿನ ನಂಬರ್ ಕೇಳಿದಳು. ನಿನ್ನೆಯದೋ ಇವತ್ತಿನದೋ ಎಂದು ಇವನು ಪ್ರಾಮಾಣಿಕವಾಗಿ ವಿಚಾರಿಸಿದ. ಪಾಪ, ಆಕೆ ಇವತ್ತಿನದನ್ನೇ ಬರೆದುಕೊಂಡಳು.

3. ನಿಯತ್ತು

ಮತ್ತೊಂದು ಭಾನುವಾರ. ನಾನು ದಾಲ್ಚಿನ್ನಿ ಬನ್ನಿಗೆ ಬಾಯಿ ಹಾಕುವಷ್ಟರಲ್ಲಿ ಗಂಡಹೆಂಡತಿ ಇಬ್ಬರೂ ಬಾಗಿಲಲ್ಲಿ. ಆಕೆಯ ಪ್ರಯೋಗಗಳ ಲೆಕ್ಕ ಹಾಕಿ ಗ್ರಾಫ್ ಬರೆಯುವ ಸಾಫ್ಟ್‌ವೇರ್, ಈ ಲೈಸೆನ್ಸ್ ಬೇರೆ ಕಂಪ್ಯೂಟರಿನದು ಎಂದು ಹಟ ಹಿಡಿದಿತ್ತು.

"ಅಣ್ಣಾ, ನಾಳೆ ಗ್ರಾಫ್ ತೋರಿಸ್ಲಿಲ್ಲ ಅಂದ್ರೆ ನನ್ನ ಕೆಲಸ ಮುಂದುವರಿಯಲ್ಲ." ಕಣ್ಣಲ್ಲಿ ನೀರಿತ್ತು. ನನಗೆ ಅವನ ಮೇಲೆ ನಿಜವಾಗಿ ಸಿಟ್ಟು ಬಂತು.

ಸ್ಪೂಫರ್ ಆಫ್ ಮಾಡಿದರಾಯ್ತಲ್ಲ ಎಂದು ಅವನು ಅದನ್ನು ಒತ್ತಿದ. ತೆರೆಯಲಿಲ್ಲ. ಅದನ್ನೂ ಒಂದೇ ಕಂಪ್ಯೂಟರಿಗೆಂದು, ನಿಜವಾದ ಹಳೆಯ ನಂಬರುಗಳನ್ನೇ ನೋಡಿ ಮಾರಿದ್ದರು. ಪರದೆಯ ಮೇಲೆ ಬಂತು: ಇದು ನೀವು ನೋಂದಾಯಿಸಿದ ಕಂಪ್ಯೂಟರ್ ಅಲ್ಲ, ನಕಲಿ ಗುರುತು ಬಳಸುವುದು ನಿಯಮಕ್ಕೆ ವಿರುದ್ಧ.

ಅವನು ಎರಡು ಸಲ ಓದಿದ. "ಜನಕ್ಕೆ ನಿಯತ್ತೇ ಇಲ್ಲ ಭಾಯ್" ಎಂದ.

ಕಂಪ್ಯೂಟರನ್ನು ಸೇಫ್ ಮೋಡ್‌ನಲ್ಲಿ ಶುರುಮಾಡಿದೆ. ಅಲ್ಲಿ ಸ್ಪೂಫರ್ ಏಳುವುದಿಲ್ಲ, ಹಾಗಾಗಿ ಅಳಿಸುವುದು ಸುಲಭ. ನಿಜವಾದ ನಂಬರುಗಳು ಎಲ್ಲಿಗೂ ಹೋಗಿರಲಿಲ್ಲ. ಗ್ರಾಫ್ ಬಂತು. ಆಕೆ ಕಣ್ಣೊರೆಸಿಕೊಂಡು, ನಮ್ಮೆದುರೇ ಕಂಪ್ಯೂಟರಿನ ಪಾಸ್‌ವರ್ಡ್ ಬದಲಿಸಿದಳು.

ತನಗೊಂದು ಬೇರೆ ಅಕೌಂಟ್ ಮಾಡಿಕೊಳ್ಳಬಹುದಾ ಎಂದು ಅವನು ಮೆಲ್ಲಗೆ ಕೇಳಿದ.

"ಮಾಡ್ಕೊಳ್ಳಿ" ಎಂದಳು ಆಕೆ. "ಯಾವ ನಂಬರ್ ಹಾಕ್ಕೊಂಡು ಬಂದ್ರೂ ನಂಗೆ ಗುರುತು ಸಿಗತ್ತೆ."