ಕಂಪ್ಯೂಟರಿನಲ್ಲಿ ನನ್ನ ಕೆಂಪು ಶಾಯಿ

ಕೈಯಲ್ಲಿ ಪೆನ್ನಿಲ್ಲದೆ ಮುದ್ರಿತ ಹಾಳೆಯನ್ನು ಓದುವುದು ನನ್ನಿಂದಾಗದು ಎಂಬುದನ್ನು ಮೊದಲೇ ಒಪ್ಪಿಕೊಂಡುಬಿಡುವುದು ಮೇಲು. ಅದೂ ಕೆಂಪು ಶಾಯಿಯ ಪೆನ್ನು. ರಾಮನಗರದ ಶಾಲೆಯೊಂದರಲ್ಲಿ ಇಪ್ಪತ್ತೆರಡು ವರ್ಷ ಕನ್ನಡ ಪಾಠ ಹೇಳಿ ಸ್ವಯಂನಿವೃತ್ತಿ ಪಡೆದ ಮೇಲೂ ಈ ಚಾಳಿ ನನ್ನನ್ನು ಬಿಡಲಿಲ್ಲ. ಮದುವೆಯ ಕರೆಯೋಲೆ ಬಂದರೆ ಮುಹೂರ್ತಕ್ಕಿಂತ ಮೊದಲು ವಾಕ್ಯರಚನೆಯನ್ನು ನೋಡುವವನು ನಾನು. ತರಿಸುತ್ತಿದ್ದ ವಾರಪತ್ರಿಕೆಯನ್ನಂತೂ ಮೊದಲ ಪುಟದಿಂದ ಕೊನೆಯ ಪುಟದವರೆಗೆ ತಿದ್ದಿ, ಅಂಚಿನಲ್ಲಿ ಲೇಖಕರಿಗೆ ಅಂಕ ಕೊಟ್ಟು, ಕೆಳಗೆ 'ನೋಡಿದೆ' ಎಂದು ಬರೆದು ರುಜು ಹಾಕುತ್ತಿದ್ದೆ. ಆ ಅಂಕಗಳು ಲೇಖಕರಿಗೆ ಎಂದೂ ತಲುಪಲಿಲ್ಲವಾದ್ದರಿಂದ ಅವರ ಆರೋಗ್ಯವೂ ನನ್ನ ಆರೋಗ್ಯವೂ ಚೆನ್ನಾಗಿಯೇ ಉಳಿದವು.

ಹೀಗೆ ತಿದ್ದಿದ ಸಂಚಿಕೆಗಳನ್ನು ವರ್ಷವಾರು ಹೊಲಿಸಿ, ರಟ್ಟು ಹಾಕಿಸಿ, ಅಟ್ಟದ ಮೇಲೆ ಜೋಡಿಸಿಟ್ಟಿದ್ದೆ. ಎಂಟು ವರ್ಷಗಳ ಹಿಂದೆ ಚಿಕ್ಕ ಮನೆಗೆ ಬರಬೇಕಾದಾಗ ನನ್ನ ಹೆಂಡತಿ ಜಯಮ್ಮ, ನಾನು ಊರಲ್ಲಿಲ್ಲದ ದಿನ ನೋಡಿ, ಅಷ್ಟನ್ನೂ ಕೈಲಾಂಚದಲ್ಲಿರುವ ತನ್ನ ತಮ್ಮ ಶಿವಲಿಂಗನ ಆಟೋಗೆ ತುಂಬಿಸಿ ಕಳಿಸಿಬಿಟ್ಟಳು. ಶಿವಲಿಂಗ ರೇಷ್ಮೆಹುಳು ಸಾಕುವವನು. ಹುಳುವಿನ ತಟ್ಟೆಗೆ ಹಳೆಯ ಕಾಗದ ಹಾಸಿ, ಅದರ ಮೇಲೆ ಸೊಪ್ಪು ಹರಡುವುದು ನಮ್ಮ ಸೀಮೆಯ ರೂಢಿ. ಮುಂದಿನ ತಿಂಗಳು ಅವನ ಮನೆಗೆ ಹೋದಾಗ ನಾನು ಕಂಡದ್ದೇನು? ನನ್ನ ವಾರಪತ್ರಿಕೆಯ ಪುಟದ ಮೇಲೆ ಮರಿಹುಳುಗಳು ಹಿಪ್ಪುನೇರಳೆ ಸೊಪ್ಪು ಮೇಯುತ್ತ, ಮೇದದ್ದನ್ನು ಅಲ್ಲಿಯೇ ವಿಸರ್ಜಿಸುತ್ತ ನೆಮ್ಮದಿಯಾಗಿದ್ದವು. ಆ ಪುಟದಲ್ಲಿ ಕೆಂಪು ಶಾಯಿ ಇತ್ತೇ ಎಂದು ನೋಡುವ ವ್ಯವಧಾನವೂ ನನಗಿರಲಿಲ್ಲ. ಕಾಫಿ ಕುಡಿಯದೆ ಎದ್ದು ಬಂದವನು ಭಾವಮೈದನೊಡನೆ ಮಾತು ಬಿಟ್ಟೆ. ಎಂಟು ವರ್ಷ!

ಈಚೆಗೆ ಅವನು ಹೊಸ ಹುಳುಮನೆ ಕಟ್ಟಿಸಿ ಭಾನುವಾರದ ಪೂಜೆಗೆ ಕರೆದ. "ಈ ಸಲ ನೀವು ಬರ್ನಿಲ್ಲ ಅಂದ್ರೆ ನಾನೂ ಅಲ್ಲೇ ಇದ್ಬುಡ್ತೀನಿ, ನೋಡ್ಕಳಿ" ಎಂದಳು ಜಯಮ್ಮ. ಇದು ಬರಿಯ ಬೆದರಿಕೆಯಲ್ಲವೆಂಬುದು ಅವಳು ಚೀಲಕ್ಕೆ ತುಂಬುತ್ತಿದ್ದ ಸೀರೆಗಳಿಂದ ಗೊತ್ತಾಗುತ್ತಿತ್ತು. ಹೋಗುವುದಾದರೆ ಬರಿಗೈಯಲ್ಲಿ ಹೋಗಬಾರದು. ಅವನು ಹುಳುವಿಗೆ ಹಾಸಿದ್ದು ಎಂಥ ನಿಧಿಯೆಂಬುದಕ್ಕೆ ಸಾಕ್ಷ್ಯ ಒಯ್ಯಬೇಕು ಎಂದು ನಿಶ್ಚಯಿಸಿದೆ. ಹಳೆಯ ಪತ್ರಿಕೆಗಳನ್ನೂ ಪುಸ್ತಕಗಳನ್ನೂ ಈಗ ಪುಟಪುಟವಾಗಿ ಕಂಪ್ಯೂಟರಿಗೆ ಏರಿಸುತ್ತಿದ್ದಾರೆಂದು ಎಲ್ಲಿಯೋ ಓದಿದ್ದೆ.

ಬಿಡದಿಯ ಕಡೆ ಕಾರ್ಖಾನೆಗಳು ಏಳತೊಡಗಿದ ಮೇಲೆ, ಕೆಲಸಕ್ಕೆ ಅರ್ಜಿ ಹಾಕುವವರಿಗಾಗಿ ನಮ್ಮೂರಿನ ಬೀದಿಬೀದಿಗೂ ಇಂಟರ್‌ನೆಟ್ ಸೆಂಟರುಗಳು ಹುಟ್ಟಿಕೊಂಡಿದ್ದವು. ರೇಷ್ಮೆಗೂಡಿನ ಮಾರುಕಟ್ಟೆಯ ಎದುರಿನದು ನಯಾಜನದು. ಅವನು ನನ್ನ ಹಳೆಯ ಶಿಷ್ಯ, ಈಗ ಇಬ್ಬರು ಮಕ್ಕಳ ತಂದೆ. ನನ್ನ ವಾರಪತ್ರಿಕೆಯ ಹೆಸರು ಹೇಳಿದೆ. ಹುಡುಕಿದ, ಸಿಕ್ಕಿತು. ಪುಟವೊಂದು ಪರದೆಯ ಮೇಲೆ ಮಗ್ಗದ ಸೀರೆಯಂತೆ ಗೆರೆಗೆರೆಯಾಗಿ ಇಳಿಯತೊಡಗಿತು. ಮೊದಲು ಪತ್ರಿಕೆಯ ಹೆಸರು, ಆಮೇಲೆ ಚಿತ್ರ, ಆಮೇಲೆ ಅಂಚಿನಲ್ಲಿ ಏನೋ ಕೆಂಪು.

"ಮೇಷ್ಟ್ರೇ!" ನಯಾಜ್ ಕುರ್ಚಿಯಿಂದ ಎದ್ದೇಬಿಟ್ಟ. "ಈ ಕೆಂಪು ಗೀಟು ನಂಗೆ ಗೊತ್ತು. ನನ್ ಕಾಪಿ ಪುಸ್ತಕದ ತುಂಬ ಇದೇ ಇರ್ತಿತ್ತು!"

ನನ್ನದೇ ಪ್ರತಿ. ನನ್ನದೇ ರುಜು. ಮೂಲೆಯಲ್ಲಿ ಯಾವುದೋ ಕಾಲೇಜಿನ ಗ್ರಂಥಾಲಯದ ಮುದ್ರೆ, ಅದರೊಳಗೆ 'ಕೊಡುಗೆ: ಶಿವಲಿಂಗ, ಕೈಲಾಂಚ' ಎಂಬ ಬರಹ. ಎಂಟು ವರ್ಷದ ನನ್ನ ಕೋಪ ಕಾಲ ಕೆಳಗಿನ ಹಲಗೆ ಸರಿದಂತೆ ಕುಸಿಯಿತು. ಇದು ಮೊದಲ ಆಘಾತ. ಎರಡನೆಯದು ಪುಟ ಪೂರ್ತಿ ಇಳಿದ ಮೇಲೆ ಬಂತು. ನಾನು ಹೆಣ್ಣು ನೋಡಿ ಕೈಲಾಂಚದಿಂದ ಬಸ್ಸಿನಲ್ಲಿ ಮರಳುವಾಗ ತಿದ್ದಿದ್ದ ಸಂಚಿಕೆ ಅದು. ಕೆಳಗಿನ ಅಂಚಿನಲ್ಲಿ ಗುಂಡಗಿನ ಅಕ್ಷರಗಳಲ್ಲಿ ಹೀಗಿತ್ತು: 'ಉಪ್ಪಿಟ್ಟು, ಹತ್ತಕ್ಕೆ ನಾಲ್ಕು. ಹುಡುಗಿ, ಹತ್ತಕ್ಕೆ ಆರು. ಬೇರೆ ಕಡೆ ನೋಡಿ ನಿರ್ಧರಿಸುವುದು. ಹುಡುಗಿಯ ತಮ್ಮ, ಅಧಿಕಪ್ರಸಂಗಿ, ಸೊನ್ನೆ. ನೋಡಿದೆ.'

ನಯಾಜ್ ಗಟ್ಟಿಯಾಗಿಯೇ ಓದಿದ. ಪಕ್ಕದಲ್ಲಿ ಅರ್ಜಿ ತುಂಬುತ್ತಿದ್ದವರು ಕೀಲಿಮಣೆ ಬಿಟ್ಟು ನನ್ನನ್ನು ನೋಡಿದರು.

"ಅಳಿಸಿಬಿಡಪ್ಪ" ಎಂದೆ.

"ನಾನಿಲ್ಲಿ ಅಳ್ಸಿದ್ರೆ ಅಲ್ಲಿ ಅಳ್ಸೋಯ್ತದಾ ಮೇಷ್ಟ್ರೇ? ಇದನ್ನ ದುಬೈನಾಗೆ ಕೂತೋನೂ ಓದ್ಬೋದು."

"ದುಬೈಯಲ್ಲಿ ಕನ್ನಡ ಯಾರು ಓದುತ್ತಾರೆ?"

"ನಮ್ ಬ್ಯಾಚಿನೋರೇ ಮೂರು ಜನ ಅವ್ರೆ. ಫೋನ್ ಮಾಡಿ ಹೇಳ್ಲಾ?"

ಬೇಡವೆಂದು ಬೇಡಿಕೊಂಡು, ಆ ಪುಟದ ಒಂದು ಪ್ರತಿ ತೆಗೆಸಿ, ನಾಲ್ಕು ಮಡಿಕೆ ಮಾಡಿ ಜೇಬಿಗೆ ಸೇರಿಸಿದೆ. ಭಾನುವಾರ ತಕರಾರಿಲ್ಲದೆ ಕೈಲಾಂಚಕ್ಕೆ ಹೊರಟೆ. ಮೂರು ದಿನಗಳಿಂದ ನನ್ನೊಡನೆ ವಾದಕ್ಕೆ ಸಿದ್ಧಳಾಗಿದ್ದ ಜಯಮ್ಮನಿಗೆ ಇದರಿಂದ ಸ್ವಲ್ಪ ನಿರಾಸೆಯೇ ಆಯಿತೆಂದು ಕಾಣುತ್ತದೆ.

ಪೂಜೆ ಮುಗಿದ ಮೇಲೆ ಶಿವಲಿಂಗನನ್ನು ಹುಳುಮನೆಯ ಮೂಲೆಗೆ ಕರೆದು, ತಟ್ಟೆಗಳ ಮರೆಯಲ್ಲಿ ಆ ಹಾಳೆ ಬಿಚ್ಚಿ ತೋರಿಸಿದೆ. ಅವನು ಬೆಚ್ಚಲಿಲ್ಲ.

"ಓ, ಸಿಕ್ತಾ ಭಾವ? ಆವತ್ತು ತಟ್ಟೆಗೆ ಹಾಸಾನ ಅಂತ ಗಂಟು ಬಿಚ್ಚಿದೆ. ಎಲ್ಲಿ ನೋಡಿದ್ರೂ ನಿಮ್ ಕೆಂಪು. ಪರೀಕ್ಸೆ ಪೇಪರ್ ಮ್ಯಾಲೆ ಬುಟ್ರೆ ಹುಳ ಹೆದ್ರುಕಂಡು ಗೂಡು ಕಟ್ತದಾ? ಅದ್ಕೇ ಕಾಲೇಜಿಗೆ ಕೊಟ್ಬುಟ್ಟೆ. ನೀವು ನೋಡಿದ್ದು ರದ್ದಿ ಅಂಗಡೀದು."

"ಅದನ್ನು ಆಗಲೇ ಹೇಳಬಾರದಾಗಿತ್ತೇ? ಎಂಟು ವರ್ಷ ಸುಮ್ಮನಿದ್ದೆಯಲ್ಲ!"

"ಹೇಳಿದ್ರೆ ನೀವು ಬುಡ್ತಿದ್ರಾ? ಎಲ್ಲಾನೂ ವಾಪಸ್ ತರ್ಸಿ ಮನೇಲಿ ಮಡಗೋರು. ಧೂಳು ಒರ್ಸೋಳು ಅಕ್ಕ. ಒಂದಿನ ಈ ಪುಟ ಅವಳ ಕಣ್ಣಿಗೆ ಬಿದ್ದಿದ್ರೆ? ಅಕ್ಕ ಇದನ್ನ ಓದೋ ಬದ್ಲು ನೀವು ನನ್ ಮ್ಯಾಲೆ ಮುನಿಸ್ಕಂಡಿರೋದೇ ವಾಸಿ ಅಂತ ಸುಮ್ಕಿದ್ದೆ."

ಜೇಬಿನ ಕೆಂಪು ಪೆನ್ನಿಗೆ ಕೈ ಹೋಯಿತು. ಅಭ್ಯಾಸಬಲದಿಂದ, "ಆ ಸೊನ್ನೆಯನ್ನು ತಿದ್ದುತ್ತೇನೆ, ಶಿವಲಿಂಗ" ಎಂದೆ.

"ಎಲ್ಲಿ ತಿದ್ದೀರಿ ಭಾವ? ಕಾಲೇಜೋರು ಕಂಪ್ಯೂಟರಿಗೆ ಏರಿಸ್ಬುಟ್ಟವ್ರಲ್ಲ. ಇರ್ಲಿ ಬುಡಿ, ಒಸಿ ಅಧಿಕಪ್ರಸಂಗಿನೇ ಆಗಿದ್ದೆ ನಾನು."

ಅಷ್ಟರಲ್ಲಿ ಬಾಗಿಲಲ್ಲಿ ಜಯಮ್ಮ ನಿಂತಿದ್ದಳು. "ಏನ್ರೀ ಅದು, ಎಂಟು ವರ್ಷದ ಮಾತೆಲ್ಲ ಒಂದೇ ಸಲಕ್ಕೆ ಆಡ್ತಿದ್ದೀರಾ? ಕೈಯಲ್ಲಿ ಏನದು ಕಾಗ್ದ?"

"ಏನಿಲ್ಲ ಕಣಕ್ಕ. ಹುಳಕ್ಕೆ ಹಾಸಕ್ಕೆ ಅಂತ ಭಾವ ತಂದವ್ರೆ" ಎಂದ ಶಿವಲಿಂಗ, ನನ್ನ ಕಡೆ ನೋಡದೆಯೇ.

ಸುಳ್ಳು ಹೇಳಿದ ಮಕ್ಕಳನ್ನು ಇಪ್ಪತ್ತೆರಡು ವರ್ಷ ಬೆಂಚಿನ ಮೇಲೆ ನಿಲ್ಲಿಸಿದವನು ನಾನು. ಹೌದೆಂದು ತಲೆಯಾಡಿಸಿ, ಖಾಲಿಯಿದ್ದ ತಟ್ಟೆಯೊಂದರಲ್ಲಿ ಆ ಹಾಳೆಯನ್ನು ಮಗುಚಿ ಹಾಸಿ, ನನ್ನ ಕೈಯಾರೆ ಅದರ ಮೇಲೆ ಸೊಪ್ಪು ಹರಡಿ, ಪಕ್ಕದ ತಟ್ಟೆಯಿಂದ ಒಂದಿಷ್ಟು ಹುಳು ಬಿಟ್ಟೆ. ಬೇಗ ಮೇದು ಇದರ ಮೇಲೆಯೇ ವಿಸರ್ಜಿಸಿರಪ್ಪ ಎಂದು ಹುಳುಗಳನ್ನು ಮನಸ್ಸಿನಲ್ಲಿಯೇ ಪ್ರಾರ್ಥಿಸಿದೆ. ಅವಕ್ಕೇನೂ ಅವಸರವಿದ್ದಂತೆ ಕಾಣಲಿಲ್ಲ.