ಐರೆನಿಕ್ ಮೇಷ್ಟ್ರು ಮತ್ತು ಅರ್ಧ ಲೋಟ ಕಾಫಿ

ನಮ್ಮ ಮನೆಯಲ್ಲಿ ನಿಘಂಟಿಗೆ ಮರ್ಯಾದೆ ಇಲ್ಲ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು, ಯಾಕೆಂದರೆ ಮುಂದೆ ನಡೆದದ್ದಕ್ಕೆಲ್ಲ ನಿಘಂಟೇ ಕಾರಣ ಎಂದು ನನ್ನ ಹೆಂಡತಿ ಪ್ರೇಮಕುಮಾರಿ ಊರೆಲ್ಲ ಹೇಳಿಕೊಂಡು ಬಂದಿದ್ದಾಳೆ. ನಾನು ಷಡಕ್ಷರಿ, ಆಲ್ದೂರಿನ ಹೈಸ್ಕೂಲೊಂದರಲ್ಲಿ ಇಂಗ್ಲಿಷ್ ಮೇಷ್ಟ್ರು. ಪೇಟೆಯಿಂದ ಮೂರು ಮೈಲಿ ಆಚೆ ಅಪ್ಪ ಬಿಟ್ಟುಹೋದ ಎಂಟೆಕರೆ ಕಾಫಿ ತೋಟವಿದೆ. ತೋಟ ನೋಡಿಕೊಳ್ಳುವವಳು ಪ್ರೇಮಕುಮಾರಿ, ತೋಟದ ಬಗ್ಗೆ ಅಭಿಪ್ರಾಯ ಹೇಳುವವನು ನಾನು. (ಅಭಿಪ್ರಾಯವನ್ನು ಯಾರೂ ಕೇಳುವುದಿಲ್ಲ ಎನ್ನುವುದು ಬೇರೆ ವಿಷಯ.)

ದಿನಕ್ಕೊಂದು ಹೊಸ ಇಂಗ್ಲಿಷ್ ಪದವನ್ನು ಕಪ್ಪುಹಲಗೆಯ ಮೂಲೆಯಲ್ಲಿ ಬರೆಯುವುದು ನನ್ನ ಇಪ್ಪತ್ತು ವರ್ಷದ ವ್ರತ. ಅದರ ಹಿಂದೆ ಒಂದು ಸಿದ್ಧಾಂತವೂ ಇದೆ. ಪದವನ್ನು ಬಾಯಿಪಾಠ ಮಾಡಿದರೆ ಅದು ನಿಘಂಟಿನದಾಗಿಯೇ ಉಳಿಯುತ್ತದೆ, ಸರಿಯಾದ ಜಾಗದಲ್ಲಿ ಬಳಸಿದವನಿಗೆ ಮಾತ್ರ ಸ್ವಂತವಾಗುತ್ತದೆ. ಇದನ್ನು ಹುಡುಗರು ನಂಬುತ್ತಾರೆ, ಪರೀಕ್ಷೆ ಇರುವುದರಿಂದ. ಪ್ರೇಮಕುಮಾರಿಗೆ ಪರೀಕ್ಷೆ ಇಲ್ಲ.

ತೊಂಬತ್ತೆಂಟನೇ ಇಸವಿಯ ಫೆಬ್ರುವರಿಯಲ್ಲಿ ಒಂದು ಬೆಳಿಗ್ಗೆ ನನಗೆ ಸಿಕ್ಕಿದ ಪದ 'ಐರೆನಿಕ್'. ಗ್ರೀಕರ ಶಾಂತಿದೇವತೆಯ ಹೆಸರಿನಿಂದ ಹುಟ್ಟಿದ ವಿಶೇಷಣ. ಹಾಗೆಂದು ಶಾಂತವಾಗಿರುವುದಕ್ಕೆಲ್ಲ ಅದನ್ನು ಅಂಟಿಸುವಂತಿಲ್ಲ. ಕೆರೆಯ ನೀರು ಶಾಂತವಾಗಿರುತ್ತದೆ, ಮೆಲುಕು ಹಾಕುವ ಎಮ್ಮೆಯೂ ಶಾಂತವಾಗಿರುತ್ತದೆ. ಅವು ಐರೆನಿಕ್ ಅಲ್ಲ. ಜಗಳವಾಡಿದ ಇಬ್ಬರ ನಡುವೆ ರಾಜಿ ಆಗಲೆಂದು ದುಡಿಯುವ ಮನುಷ್ಯ, ಆ ಉದ್ದೇಶದಿಂದ ಅವನು ಆಡುವ ಮಾತು, ಬರೆಯುವ ಕಾಗದ, ಇವು ಐರೆನಿಕ್. ಓದುತ್ತಿದ್ದಂತೆ ನನ್ನ ಮೈ ಜುಮ್ಮೆಂದಿತು. ಇಂಥ ಪದ ಬೇಕಾಗುವಂಥ ಜಗಳ ನಮ್ಮ ಬೇಲಿಯಲ್ಲೇ ಇತ್ತು.

ಆ ಜಗಳ ಅರ್ಧ ಲೋಟ ಕಾಫಿಯದು. ಬೇಲಿಯಾಚೆಯ ತೋಟ ಮಂಜಯ್ಯನವರದು. ಅವರ ಹೆಂಡತಿ ನಂಜಮ್ಮ ಮತ್ತು ಪ್ರೇಮಕುಮಾರಿ ಇಪ್ಪತ್ತೆರಡು ವರ್ಷದಿಂದ ಗೆಳತಿಯರು. ಜನವರಿಯಲ್ಲಿ ಒಂದು ದಿನ ನಂಜಮ್ಮ ನಮ್ಮ ಮನೆಗೆ ಬಂದು, ಕೊಟ್ಟ ಕಾಫಿಯಲ್ಲಿ ಅರ್ಧ ಕುಡಿದು, ಅರ್ಧ ಲೋಟದಲ್ಲೇ ಬಿಟ್ಟು ಎದ್ದುಹೋದರು. ನಮ್ಮ ಕಡೆ ಕಾಫಿ ಬೇಡ ಅಂದರೇ ಮುಖ ಊದಿಸಿಕೊಳ್ಳುತ್ತಾರೆ, ಇನ್ನು ಕುಡಿದು ಬಿಟ್ಟರೆ ಕೇಳಬೇಕೆ. ಸಾಲದ್ದಕ್ಕೆ ಮಾರನೆಯ ದಿನ, ಹದಿನಾಲ್ಕು ಜನ ತುಂಬಿಕೊಂಡು ಆಲ್ದೂರಿಗೆ ಹೊರಟ ಜಿಯಾಉದ್ದೀನನ ಜೀಪಿನಲ್ಲಿ ಕೂತು, "ಮೇಷ್ಟ್ರ ಮನೆ ಕಾಫಿ ಎಂಥದೋ ಒಂಥರಾ ಇತ್ತು, ಉದುರು ಕಾಫಿ ಇರ್ಬೇಕು" ಎಂದರಂತೆ. ಜೀಪು ಆಲ್ದೂರು ಮುಟ್ಟುವ ಮೊದಲೇ ಮಾತು ನಮ್ಮ ಅಡುಗೆಮನೆ ಮುಟ್ಟಿತ್ತು.

ಇಲ್ಲಿ ಒಂದು ಮನೆಗುಟ್ಟು ಹೇಳಬೇಕು. ಗಿಡದಿಂದ ಕೊಯ್ದ ಕೆಂಪು ಹಣ್ಣನ್ನು ಸಿಪ್ಪೆ ಬಿಡಿಸಿ, ತೊಳೆದು, ಒಣಗಿಸಿದರೆ ಪಾರ್ಚ್‌ಮೆಂಟ್ ಆಗುತ್ತದೆ. ಅದು ಮಾರುವುದಕ್ಕೆ. ಕೊಯ್ಲು ಮುಗಿದ ಮೇಲೆ ಗಿಡದ ಬುಡದಲ್ಲಿ ಉದುರಿ, ಮಣ್ಣು ಮೆತ್ತಿಕೊಂಡು, ಇರುವೆ ಓಡಾಡಿದ ಬೀಜವನ್ನು ಹೆಕ್ಕಿ ತರುತ್ತಾರಲ್ಲ, ಅದು ಉದುರು. ಅದು ಬೆಳೆದವರು ಕುಡಿಯುವುದಕ್ಕೆ. ಎಂಟೆಕರೆಯವನೂ ಅದನ್ನೇ ಕುಡಿಯುತ್ತಾನೆ, ಎಂಬತ್ತೆಕರೆಯವನೂ ಅದನ್ನೇ ಕುಡಿಯುತ್ತಾನೆ. ಎಲ್ಲರಿಗೂ ಗೊತ್ತಿರುವ, ಯಾರೂ ಬಾಯಿ ಬಿಡದ ವಿಷಯ ಇದು.

"ಉದುರಂತೆ," ಎಂದಳು ಪ್ರೇಮಕುಮಾರಿ. "ಅವ್ಳು ಬರ್ತಾಳೆ ಅಂತ ಅವತ್ತು ಪಾರ್ಚ್‌ಮೆಂಟ್ ಪುಡಿ ಡಬ್ಬಿ ಒಡೆದಿದ್ದೆ ನಾನು. ಕೃತಿಕಾನ ನೋಡಕ್ಕೆ ಗಂಡಿನ ಕಡೆಯವ್ರು ಬಂದಾಗ ಆಗ್ಲಿ ಅಂತ ಎತ್ತಿಟ್ಟಿದ್ದ ಡಬ್ಬಿ ಅದು. ಅದನ್ನ ಉದುರು ಅಂತಾಳಲ್ಲ, ಅವ್ಳಿಗೆ ನಾಲಿಗೆ ಇದ್ಯಾ?"

"ಹೋಗಿ ಹಾಗೇ ಹೇಳಿಬಿಡು."

"ನಾನ್ಯಾಕೆ ಹೇಳ್ಬೇಕು? ಬಿಟ್ಟವಳು ಅವ್ಳು."

ಇಷ್ಟೇ ಆಗಿದ್ದರೆ ನಾನು ಈ ಜಗಳಕ್ಕೆ ನಿಘಂಟು ಹಿಡಿದು ಇಳಿಯುತ್ತಿರಲಿಲ್ಲ. ಆದರೆ ಫೋನ್ ಇದ್ದದ್ದು ಮಂಜಯ್ಯನವರ ಮನೆಯಲ್ಲಿ. ಮಂಗಳೂರಿನ ಹಾಸ್ಟೆಲಿನಲ್ಲಿದ್ದು ಓದುತ್ತಿದ್ದ ನಮ್ಮ ಮಗಳು ಕೃತಿಕಾ ಭಾನುವಾರ ಬೆಳಿಗ್ಗೆ ಒಂಬತ್ತಕ್ಕೆ ಆ ನಂಬರಿಗೆ ಮಾಡುತ್ತಿದ್ದಳು. ಪ್ರೇಮಕುಮಾರಿ ಎಂಟೂವರೆಗೇ ತಲೆ ಬಾಚಿಕೊಂಡು ಹೋಗಿ ಕೂರುತ್ತಿದ್ದಳು. ಮಂಗಳೂರು ದೂರವೆಂದು ಅವಳು ಎಷ್ಟು ಗಟ್ಟಿಯಾಗಿ ಮಾತಾಡುತ್ತಿದ್ದಳೆಂದರೆ, ಫೋನು ನೆಪಕ್ಕೆ ಮಾತ್ರ. ಜಗಳವಾದ ಮೇಲೆ ಅವಳು ಆ ಮೆಟ್ಟಿಲು ಹತ್ತಲಿಲ್ಲ. ಹೋಗುತ್ತಿದ್ದವನು ನಾನು. "ಅಮ್ಮ ಎಲ್ಲಿ?" ಎಂದು ಕೃತಿಕಾ ಕೇಳಿದರೆ "ತೋಟದಲ್ಲಿ" ಎನ್ನುತ್ತಿದ್ದೆ. ನಾಲ್ಕು ಭಾನುವಾರ ಅವಳು ತೋಟದಲ್ಲೇ ಇದ್ದಳು. ನಿಜವಾಗಿ ಅವಳು ಬೇಲಿಯ ಹತ್ತಿರ, ಫೋನಿನ ಗಂಟೆ ಕೇಳುವಷ್ಟು ದೂರದಲ್ಲಿ, ಸೊಪ್ಪು ಕೀಳುವವಳಂತೆ ನಿಂತಿರುತ್ತಿದ್ದಳು. ಅಲ್ಲಿ ಸೊಪ್ಪು ಇರಲಿಲ್ಲ. ವಾಪಸು ಬಂದರೆ "ಉಂಡಿದಾಳಂತಾ? ಕೆಮ್ಮು ಹೋಯ್ತಂತಾ?" ಎಂದು ಒಂದೊಂದಾಗಿ ಕೇಳುತ್ತಿದ್ದಳು. ಅವುಗಳಲ್ಲಿ ಅರ್ಧವನ್ನು ನಾನು ಕೃತಿಕಾಳನ್ನು ಕೇಳಿಯೇ ಇರುತ್ತಿರಲಿಲ್ಲ. ನೋಡಿ ನನಗೂ ಬೇಸರವಾಗುತ್ತಿತ್ತು.

ಹಾಗಾಗಿ ಐರೆನಿಕ್ ಆಗುವುದೆಂದು ತೀರ್ಮಾನಿಸಿದೆ. ಅಂದೇ ಸಂಜೆ ಪದವನ್ನು ಮೊದಲ ಸಲ ಬಳಸಿದೆ.

"ನೋಡೇ, ಇನ್ನು ಮೇಲೆ ನಾನು ಐರೆನಿಕ್ ಮನುಷ್ಯ."

ಪ್ರೇಮಕುಮಾರಿ ಮೆಣಸು ಕೇರುತ್ತಿದ್ದವಳು ಮೊರ ನಿಲ್ಲಿಸಿದಳು. "ಅಂದ್ರೆ?"

ನಾನು ದೇವತೆಯಿಂದ ಶುರುಮಾಡಿ ಎಮ್ಮೆಯವರೆಗೆ ವಿವರಿಸಿದೆ. ಎಲ್ಲವನ್ನೂ ಕೇಳಿ ಅವಳು, "ಅಂದ್ರೆ, ಇಬ್ರು ಜಗಳ ಆಡೋವಾಗ ಮಧ್ಯೆ ಬಾಯಿ ಹಾಕೋರು" ಎಂದಳು.

"ಹಾಗಲ್ಲ. ಶಾಂತಿ ಮಾಡಿಸುವ ಉದ್ದೇಶ ಇರುವವರು."

"ಉದ್ದೇಶ ಒಳಗಿರುತ್ತೆ. ಹೊರಗೆ ಕಾಣೋದು ಬಾಯೇ ಅಲ್ವಾ," ಎಂದು ಮತ್ತೆ ಕೇರತೊಡಗಿದಳು.

ಎರಡನೇ ಬಳಕೆ ಮಂಜಯ್ಯನವರ ಮೇಲೆ. ಅವರು ಕಣದಲ್ಲಿ ಕಾಫಿ ಹರಡುತ್ತಿದ್ದರು. "ಮಂಜಯ್ಯನೋರೇ, ಒಂದು ಐರೆನಿಕ್ ಪ್ರಸ್ತಾವ ತಂದಿದೀನಿ," ಎಂದೆ. "ಔಷಧಿ ಏನಾದ್ರೂ ಆದ್ರೆ ಬೇಡ ಮಾರಾಯ್ರೆ, ಕಾಂಡಕೊರಕ ಹುಳಕ್ಕೆ ಹೋದ ವಾರ ತಾನೇ ಹೊಡೆಸಿದೀನಿ," ಎಂದರು. ವಿಷಯ ತಿಳಿದ ಮೇಲೆ ಅವರ ಮುಖ ಗಂಭೀರವಾಯಿತು. "ನೀವು ಮೇಷ್ಟ್ರು, ನಿಮಗೆ ಹೇಳಕ್ಕೆ ನಾನ್ಯಾರು. ಆದ್ರೂ ಒಂದ್ಮಾತು. ಹೆಂಗಸರ ಜಗಳ ಹಸಿ ಕಾಫಿ ಇದ್ದಂಗೆ. ತಾನಾಗೇ ಒಣಗಬೇಕು. ಒಲೆ ಮೇಲೆ ಇಟ್ರೆ ಕೆಟ್ಟೋಗುತ್ತೆ."

ಅನುಭವಸ್ಥರ ಮಾತು. ಕೇಳಬೇಕಿತ್ತು. ಆದರೆ ನನ್ನ ಕೈಯಲ್ಲಿ ಹೊಸ ಪದವಿತ್ತು.

ಆ ವಾರವೇ ಸಂದರ್ಭ ಒದಗಿತು. ನಮ್ಮ ದೊಡ್ಡಮ್ಮ, ಎಂಬತ್ತು ದಾಟಿದ ಅಣ್ಣಮ್ಮನ ಮನೆಯಲ್ಲಿ ಸತ್ಯನಾರಾಯಣ ಪೂಜೆ. ಊರಿಗೆಲ್ಲ ದೊಡ್ಡ ಹೆಂಗಸು ಅವರು, ಅವರೆದುರು ಯಾರೂ ಧ್ವನಿ ಎತ್ತುವುದಿಲ್ಲ. ಪ್ರೇಮಕುಮಾರಿ ಒಂದು ಪಂಕ್ತಿಯ ಈ ತುದಿಯಲ್ಲಿ, ನಂಜಮ್ಮ ಎದುರು ಪಂಕ್ತಿಯ ಆ ತುದಿಯಲ್ಲಿ ಕೂತು ಉಂಡರು. ಊಟವಾಗಿ ಕಾಫಿ ಬಂತು. ಇಪ್ಪತ್ತು ಇಪ್ಪತ್ತೈದು ಹೆಂಗಸರು, ಎಂಟು ಹತ್ತು ಗಂಡಸರು ಲೋಟ ಹಿಡಿದು ಕೂತಿದ್ದರು. ಶಾಂತಿದೇವತೆ ನನ್ನನ್ನು ಎಬ್ಬಿಸಿ ನಿಲ್ಲಿಸಿದಳು.

ನನ್ನ ಭಾಷಣ ಚೆನ್ನಾಗಿಯೇ ಆರಂಭವಾಯಿತೆಂದು ಈಗಲೂ ನಂಬಿದ್ದೇನೆ. ಎರಡು ಮನೆಗಳ ಸ್ನೇಹವನ್ನು ನೆನೆದೆ. ಕ್ಷಮೆಯ ಮಹಿಮೆ ಹೇಳಿದೆ. ನಂಜಮ್ಮನ ಕಣ್ಣು ಒದ್ದೆಯಾಗಿತ್ತು, ಪ್ರೇಮಕುಮಾರಿ ಸೆರಗಿನ ಚುಂಗು ತಿರುವುತ್ತಿದ್ದಳು. ಅಲ್ಲಿಗೇ ಕೂತಿದ್ದರೆ ಕಥೆ ಮುಗಿಯುತ್ತಿತ್ತು. ಆದರೆ ರಾಜಿ ಮಾಡಿಸುವವನು ಇಬ್ಬರನ್ನೂ ಸಮಾನವಾಗಿ ತೂಗಬೇಕೆಂಬುದು ಎಲ್ಲ ಧರ್ಮಗ್ರಂಥಗಳ ಸಾರ. ಆದ್ದರಿಂದ ಹೇಳಿದೆ:

"ಒಂದು ಲೋಟ ಕಾಫಿಗಾಗಿ ಯಾಕೆ ಈ ಮುನಿಸು? ನಮ್ಮ ಮನೆಯಲ್ಲೂ ದಿನಾ ಕುಡಿಯೋದು ಉದುರೇ, ನಂಜಮ್ಮನೋರ ಮನೆಯಲ್ಲೂ ಉದುರೇ. ಅಷ್ಟೇಕೆ, ಈಗ ದೊಡ್ಡಮ್ಮ ನಮಗೆಲ್ಲ ಕೊಟ್ಟಿದಾರಲ್ಲ, ಇದೂ ಉದುರೇ. ನಾವೆಲ್ಲ ಒಂದೇ."

ಮಂಜಯ್ಯನವರು ಕಣ್ಣು ಮುಚ್ಚಿಕೊಂಡರು.

"ಏನೋ ಅಂದೆ, ಷಡಕ್ಷರಿ?" ಎಂದರು ಅಣ್ಣಮ್ಮ. ಧ್ವನಿ ತಣ್ಣಗಿತ್ತು.

"ಅಲ್ಲ ದೊಡ್ಡಮ್ಮ, ಒಂದು ಉದಾಹರಣೆಗೆ..."

"ಆ ಲೋಟ ಇತ್ಲಾಗಿ ಕೊಡು."

ಕೊಟ್ಟೆ. ಅಷ್ಟರಲ್ಲಿ ನಂಜಮ್ಮ ಎದ್ದು ನಿಂತಿದ್ದರು. "ನಮ್ಮನೆ ಉದುರು ಅಂತ ಇವ್ರಿಗೆ ಯಾರು ಹೇಳಿದ್ದು ಪ್ರೇಮಾ?" ಎಂದು ಕೇಳಿದರು. ಐದು ವಾರದ ಮೇಲೆ ಅವರು ಪ್ರೇಮಕುಮಾರಿಗೆ ಆಡಿದ ಮೊದಲ ಮಾತು ಅದು.

"ನಾನಂತೂ ಹೇಳಿಲ್ಲ ನಂಜಕ್ಕ," ಎಂದಳು ನನ್ನ ಹೆಂಡತಿ. "ನಿಮ್ಮನೇಲಿ ಉದುರು ಕುಡಿದಿದ್ದು ನಾನಂತೂ ಕಂಡಿಲ್ಲ. ಇವ್ರಿಗೆ ಕಾಫಿ ಯಾವ್ದು ಕಷಾಯ ಯಾವ್ದು ಗೊತ್ತಾಗಲ್ಲ."

"ನಿಮ್ಮನೇದೂ ಉದುರಲ್ಲ ಬಿಡು. ನಾನು ಜೀಪಲ್ಲಿ ಏನೋ ತಮಾಷೆಗೆ ಅಂದಿದ್ದು."

"ಗೊತ್ತಿಲ್ವಾ ನಂಗೆ."

ಇಬ್ಬರೂ ಒಂದೇ ಕಂಬಕ್ಕೆ ಒರಗಿ ನಿಂತು ನನ್ನನ್ನು ನೋಡಿದರು. ಉಳಿದ ಹೆಂಗಸರೂ ನೋಡಿದರು. ತಮ್ಮ ಮನೆಯಲ್ಲಿ ಉದುರು ಒಳಗೇ ಬಿಡುವುದಿಲ್ಲವೆಂದು ಒಬ್ಬೊಬ್ಬರಾಗಿ ಹೇಳಿದರು. ಸತ್ಯನಾರಾಯಣನ ಫೋಟೋದ ಎದುರು ಇಷ್ಟೊಂದು ಸುಳ್ಳನ್ನು ಒಟ್ಟಿಗೆ ನಾನು ಎಂದೂ ಕೇಳಿರಲಿಲ್ಲ.

ಮುಂದಿನ ಭಾನುವಾರ ಎಂಟೂವರೆಗೆ ಪ್ರೇಮಕುಮಾರಿ ತಲೆ ಬಾಚಿಕೊಂಡು ಹೊರಟಳು. ಒಂಬತ್ತಕ್ಕೆ ಅವಳ ಧ್ವನಿ ನಮ್ಮ ಜಗಲಿಗೆ ಕೇಳಿಸಿತು. ನನ್ನ ಉದ್ದೇಶ ಈಡೇರಿತ್ತು, ಆದರೆ ಅದನ್ನು ಗುರುತಿಸುವವರು ಇರಲಿಲ್ಲ. ಊರಿನಲ್ಲಿ ಯಾರ ಮನೆಗೆ ಹೋದರೂ "ಮೇಷ್ಟ್ರಿಗೆ ನಮ್ಮ ಕಾಫಿ ಎಲ್ಲಿ ಹಿಡಿಸುತ್ತೆ" ಎಂದು ಮಜ್ಜಿಗೆ ತಂದಿಡುತ್ತಿದ್ದರು. ಸ್ವಂತ ಮನೆಯಲ್ಲಿ ಮಜ್ಜಿಗೆಯೂ ಇಲ್ಲ, ಜೀರಿಗೆ ಕಷಾಯ. ಸುತ್ತ ಕಣ್ಣು ಹಾಯಿಸಿದಷ್ಟೂ ಕಾಫಿ ಗಿಡ, ನಡುವೆ ಮೂರು ವಾರದಿಂದ ಕಾಫಿ ಕಾಣದ ನಾನು. ಮಂಜಯ್ಯನವರ ಮನೆಗೂ ಪ್ರವೇಶವಿಲ್ಲದೆ ಮಗಳ ಧ್ವನಿಯೂ ತಪ್ಪಿಹೋಯಿತು. ಅದು ಕಾಫಿಗಿಂತ ಹೆಚ್ಚು ಕಾಡಿತು.

ಕೊನೆಗೆ ಪ್ರೇಮಕುಮಾರಿಯೇ ಕರಗಿದಳು. "ನಂಜಕ್ಕ ಬರಕ್ಕೆ ಹೇಳಿದಾರೆ. ಭಾನುವಾರ ಬಂದು ಮಗಳ ಹತ್ರ ಮಾತಾಡಿ, ಕಾಫಿ ಕುಡಿದು ಹೋಗ್ಲಿ, ಆಗಿದ್ದಾಯ್ತು ಅಂದ್ರು. ಅಲ್ಲಿ ಬಾಯಿ ಬಿಡ್ಬೇಡಿ. ಕಾಫಿಗೆ ಮಾತ್ರ ಬಿಡಿ."

ಹೋದೆ. ಕೃತಿಕಾಳೊಡನೆ ಐದು ನಿಮಿಷ ಮಾತಾಡಿದೆ. ನಂಜಮ್ಮ ಹಬ್ಬಕ್ಕೆ ಮಾತ್ರ ತೆಗೆಯುವ ಬೆಳ್ಳಿ ಲೋಟದಲ್ಲಿ ಕಾಫಿ ತಂದರು. ಹಬೆಯಾಡುತ್ತಿತ್ತು. ನನ್ನ ಮಾತಿಗೆ ಉತ್ತರವೆಂಬಂತೆ ಅವರು ಮೊದಲ ದರ್ಜೆಯ ಪಾರ್ಚ್‌ಮೆಂಟನ್ನೇ ಹುರಿಸಿ, ಪುಡಿ ಮಾಡಿಸಿ ತಂದಿದ್ದರು. ಎಲ್ಲರೂ ನನ್ನ ಮುಖವನ್ನೇ ನೋಡುತ್ತಿದ್ದರು. ನಾನು ಒಂದು ಗುಟುಕು ಕುಡಿದೆ.

ಎಂಥದೋ ಒಂಥರಾ ಇತ್ತು.

ಇನ್ನೊಂದು ಗುಟುಕು ಕುಡಿದೆ. ಸುವಾಸನೆ ಇತ್ತು, ಹುಳಿ ಇತ್ತು, ಆದರೆ ಐವತ್ತು ವರ್ಷದಿಂದ ನನ್ನ ನಾಲಿಗೆಗೆ ಗೊತ್ತಿದ್ದ ಆ ಮಣ್ಣಿನ ಒಗರು ಇರಲಿಲ್ಲ. ಹೇಗೋ ಅರ್ಧದವರೆಗೆ ಇಳಿಸಿದೆ. ಅಲ್ಲಿಗೆ ಸಾಕಾಗಿ, ಲೋಟವನ್ನು ಸದ್ದಿಲ್ಲದೆ ಕೆಳಗಿಟ್ಟೆ. ಇಟ್ಟ ಕ್ಷಣದಲ್ಲೇ ನನಗೆ ಸಕಲವೂ ಹೊಳೆಯಿತು. ಜನವರಿಯಲ್ಲಿ ನಂಜಮ್ಮ ಅರ್ಧ ಬಿಟ್ಟದ್ದು ಕಾಫಿ ಕೆಟ್ಟದಾಗಿದ್ದಕ್ಕಲ್ಲ, ಒಳ್ಳೆಯದಾಗಿದ್ದಕ್ಕೆ. ನಮ್ಮ ಊರಿನ ನಾಲಿಗೆ ಉದುರಿನದು. ಇದನ್ನು ಹೇಳಿದರೆ ಜಗಳದ ಬೇರೇ ಕಿತ್ತುಹೋಗುತ್ತದೆ.

"ನಂಜಮ್ಮನೋರೇ, ಈಗ ಅರ್ಥ ಆಯ್ತು," ಎಂದೆ. "ನಿಮ್ಮ ತಪ್ಪೇನೂ ಇಲ್ಲ. ಉದುರು ಕುಡಿದು ಅಭ್ಯಾಸ ಆದವರಿಗೆ..."

ಮುಂದಿನದನ್ನು ಬರೆಯುವುದು ಬೇಡ. ಈ ಸಲ ಲೋಟವನ್ನು ನಾನಾಗಿ ಕೊಡಬೇಕಾಗಲಿಲ್ಲ.

ಅದರ ಮುಂದಿನ ಭಾನುವಾರ ಒಂಬತ್ತಕ್ಕೆ ನಾನು ಬೇಲಿಯ ಹತ್ತಿರ, ಸೊಪ್ಪಿಲ್ಲದ ಆ ಜಾಗದಲ್ಲಿ ನಿಂತಿದ್ದೆ. ಆಚೆಯಿಂದ ಪ್ರೇಮಕುಮಾರಿಯ ಧ್ವನಿ ಮಂಗಳೂರಿಗೂ ನನಗೂ ಒಟ್ಟಿಗೆ ಕೇಳಿಸುತ್ತಿತ್ತು.

"ನಿಮ್ಮಪ್ಪನಾ? ಬೇಲಿ ಹತ್ರ ನಿಂತಿದಾರೆ... ಇಲ್ಲಮ್ಮ, ಜಗಳ ಎಲ್ಲ ಮುಗೀತು. ನಮ್ಮಿಬ್ರನ್ನೂ ಒಂದು ಮಾಡಿದ್ದು ನಿಮ್ಮಪ್ಪನೇ. ತುಂಬಾ ಐರೆನಿಕ್ ಮನುಷ್ಯ... ಅದಾ, ಅವ್ರ ನಿಘಂಟಲ್ಲಿ ಇದೆಯಂತೆ. ಎಷ್ಟು ದೂರ ನಿಲ್ತಾರೋ ಅಷ್ಟು ಐರೆನಿಕ್."

ಮೇಷ್ಟ್ರ ಅಭ್ಯಾಸ, ಬಳಕೆಯನ್ನು ತಿದ್ದೋಣವೆಂದು ಬಾಯಿ ತೆರೆದೆ. ಮನಸ್ಸಿನಲ್ಲೇ ಎರಡು ಸಲ ಓದಿ ನೋಡಿದೆ. ವಿಶೇಷಣ ಸರಿಯಾದ ಜಾಗದಲ್ಲೇ ಇತ್ತು, ಎಲ್ಲೂ ತಪ್ಪು ಸಿಗಲಿಲ್ಲ. ಬಾಯಿ ಮುಚ್ಚಿಕೊಂಡು, ಮಗಳ ಕೆಮ್ಮು ಹೋಯಿತಂತೋ ಇಲ್ಲವೋ ಅವಳು ಬಂದ ಮೇಲೆ ಕೇಳೋಣವೆಂದು ಬೇಲಿಯ ಗೂಟ ಹಿಡಿದು ನಿಂತೆ.