ಅತ್ತೆಗೊಂದು ಸಿಹಿ ಉಪ್ಪಿನಕಾಯಿ

ಜ್ವರ ಬಿಟ್ಟರೂ, ಮಗಳ ಮನೆಗೆ ಬಂದಿದ್ದ ಅತ್ತೆಯ ಬಾಯಿಗೆ ರುಚಿ ಬರಲಿಲ್ಲ. ಏನು ಕೊಟ್ಟರೂ "ಮಣ್ಣು ತಿಂದ ಹಾಗಿದೆ" ಎಂದು ತಟ್ಟೆ ಸರಿಸಿ, ಅಳಿಯನ ಮಂಚದ ಮೇಲೆ ಗೋಡೆಗೆ ಮುಖ ಮಾಡಿ ಮಲಗುತ್ತಿದ್ದರು. ಗಡಿಯಾರ ರಿಪೇರಿ ಮಾಡುವ ಆ ಅಳಿಯನಿಗೆ ಅಡುಗೆಮನೆಯ ನೆಲದಲ್ಲಿ ಮಲಗಿ ಮಲಗಿ ಬೆನ್ನು ಬಿಲ್ಲಾಗಿತ್ತು.

ಅವತ್ತು ಬೆಳಿಗ್ಗೆ ಅತ್ತೆ, "ಒಂದು ಚೂರು ಸಿಹಿ ಉಪ್ಪಿನಕಾಯಿ ಇದ್ದಿದ್ರೆ..." ಎಂದು ಗೊಣಗಿದ್ದೇ ತಡ, ಅವನು ಅಂಗಡಿ ತೆರೆಯುವುದನ್ನು ಬಿಟ್ಟು ತಾನೇ ಒಲೆ ಹಚ್ಚಿದ.

"ನಿಮ್ಗೆ ನೀರು ಕಾಯ್ಸಕ್ಕೂ ಬರಲ್ಲ!" ಕೆಲಸಕ್ಕೆ ಹೊರಟಿದ್ದ ಹೆಂಡತಿ ನಕ್ಕಳು.

"ನಿಮ್ಮಮ್ಮ ಹುಷಾರಾಗಿ ಮನೆಗೆ ಹೋಗೋದು ಬೇಡ್ವಾ?"

ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ಸೌತೆಕಾಯಿಗಳನ್ನು ಗಡಿಯಾರದ ಚಕ್ರಗಳಷ್ಟು ತೆಳ್ಳಗೆ ಹೆಚ್ಚಿದ. ವಿನೆಗರ್, ಸಕ್ಕರೆ, ಲವಂಗ ಕುದಿಯತೊಡಗಿದಾಗ ಪಕ್ಕದ ಮನೆಯ ಟೈಲರಮ್ಮ ಮೂಗು ಮುಂದೆ ಮಾಡಿಕೊಂಡು ಬಂದಳು. "ಅಯ್ಯೋ, ಏನ್ ಹುಳಿ! ಸಕ್ಕರೆ ಸುರೀರಿ." ಮಹಡಿಯಿಂದ ರಿಟೈರ್ಡ್ ಮೇಷ್ಟ್ರು ಇಳಿದು ಬಂದು ಇನ್ನಷ್ಟು ಸುರಿಸಿದರು. ಆಮೇಲೆ ಸಕ್ಕರೆ ಎಂದು ಮೊದಲು ಹೇಳಿದ್ದು ಯಾರು ಎಂಬುದಕ್ಕೆ ಇಬ್ಬರಿಗೂ ಜಗಳ ಹತ್ತಿತು. ಅವನು ಜಗಳ ಬಿಡಿಸಿ ತಿರುಗುವಷ್ಟರಲ್ಲಿ ಪಾಕ ಅಂಟಾಗಿತ್ತು. ಗಾಬರಿಯಿಂದ ತಟ್ಟೆಯಲ್ಲಿದ್ದ ಹೋಳುಗಳ ಮೇಲೆ ಸುರಿದ.

ಆರಿದ ಮೇಲೆ ಅದು ಕಲ್ಲು! ಚಮಚ ಬಾಗಿತು. ತಟ್ಟೆ ಮಗುಚಿ ಬಡಿದರೆ ಇಡೀ ಬಿಲ್ಲೆಯೇ ಈಚೆ ಬಂತು. ಅಳು ನುಂಗಿಕೊಂಡು ಅದನ್ನು ಕಿಟಕಿಗೆ ಒರಗಿಸಿದ. ಆಗ ಬಿಸಿಲು ಬಿತ್ತು.

ಎಲ್ಲರೂ ಕಿಟಕಿಯತ್ತ ತಿರುಗಿದರು. ಜೇನುಬಣ್ಣದ ಗಾಜಿನೊಳಗೆ ಪುಟ್ಟ ಪುಟ್ಟ ಹಸಿರು ಚಂದ್ರರು! ಒಂದೊಂದು ಬೀಜವೂ ಹರಳಿನಂತೆ ಹೊಳೆಯುತ್ತಿತ್ತು. ಮಸಿ ಹಿಡಿದ ಗೋಡೆ, ಸೊಟ್ಟ ಪಾತ್ರೆ, ಮೇಷ್ಟ್ರ ಬೋಳುತಲೆ, ಎಲ್ಲವೂ ಬಂಗಾರ. ಬೀದಿಯಲ್ಲಿ ಹೋಗುತ್ತಿದ್ದ ಪೋಸ್ಟ್‌ಮನ್ ಸೈಕಲ್ ಇಳಿದು ಟೋಪಿ ತೆಗೆದು ನಿಂತ.

"ನೀವಾ ಮಾಡಿದ್ದು?" ಟೈಲರಮ್ಮ ಪಿಸುಗುಟ್ಟಿದಳು. ಅವನಿಗೇ ನಂಬಿಕೆಯಿರಲಿಲ್ಲ.

ಆ ಬೆಳಕು ಕೋಣೆಯೊಳಗೂ ಹರಿದು ಅತ್ತೆಯ ಮುಖದೆದುರಿನ ಗೋಡೆಯ ಮೇಲೆ ನಡುಗಿತು. ಅವರು ಎದ್ದರು. ಬರಿಗಾಲಲ್ಲಿ ಬಂದು, ಎವೆಯಿಕ್ಕದೆ ನೋಡಿ, ಅಳಿಯನ ಸುತ್ತಿಗೆಯಿಂದ ಬಿಲ್ಲೆಗೆ ಒಂದೇಟು ಹಾಕಿ ಚೂರೊಂದನ್ನು ಬಾಯಿಗಿಟ್ಟುಕೊಂಡರು.

"ಸಿಹಿ..." ಅವರ ಕಣ್ಣು ತುಂಬಿತು. "ಹುಳಿನೂ ಇದೆ ಕಣಪ್ಪಾ! ಲವಂಗನೂ ಗೊತ್ತಾಗ್ತಿದೆ!"

ಮಧ್ಯಾಹ್ನ ಹೊಟ್ಟೆ ತುಂಬ ಉಂಡು, ಚಪ್ಪಲಿ ಮೆಟ್ಟಿ, "ಗಾಡಿ ಕರಿ, ಮನೆಗೆ ಹೋಗ್ತೀನಿ" ಎಂದರು. ಅಳಿಯ ಹಾರಿಕೊಂಡು ಹೋಗಿ ಗಾಡಿ ತಂದ. ಖುಷಿ ಮುಖದಲ್ಲಿ ಕಾಣದಂತೆ ತುಟಿ ಕಚ್ಚಿಕೊಂಡು, "ಇನ್ನೆರಡು ದಿನ ಇದ್ದು ಹೋಗಬಹುದಿತ್ತು" ಎಂದ.

"ಹೋಗೋದೆಲ್ಲಿಗೆ? ಸಂಜೆಗೇ ವಾಪಸ್ ಬರ್ತೀನಿ. ಟ್ರಂಕ್ ತರಬೇಕಲ್ಲ!" ಅತ್ತೆ ಗಾಡಿಯಿಂದ ತಲೆ ಹೊರಗೆ ಹಾಕಿದರು. "ಹಾಗೇ ನನ್ನ ತಂಗಿನೂ ಕರ್ಕೊಂಡು ಬರ್ತೀನಿ. ಪಾಪ, ಅವಳ ಬಾಯೂ ಕೆಟ್ಟು ಕೂತಿದೆ."